60 ವರ್ಷದ ಬಾಕಿ

ಮಕ್ಕಳೇ, ಈ ಬೇಸಿಗೆ ರಜೆಯಲ್ಲಿ ಚಿಕ್ಕೋಡಿಯ ನಮ್ಮ ಮನೆಯ ಒಂದು ಬಕೆಟ್ಟಿಗೂ ಬಿಡುವಿರಲಿಲ್ಲ. ಮೊಮ್ಮಗ ಎಣ್ಣೆ ಡಬ್ಬ, ಬಕೆಟ್ಟು, ತಾಟು ಸಾಲಾಗಿಟ್ಟು, ಒಂದು ಕೈಯಲ್ಲಿ ಲಟ್ಟಣಿಗೆ, ಇನ್ನೊಂದರಲ್ಲಿ ಕಡಗೋಲು ಹಿಡಿದು ಬಡಿಯುತ್ತಿದ್ದ. ಒಂದು ದಿನ ಗದರಿಯೇಬಿಟ್ಟೆ: “ಏನ್ ಗದ್ದಲಾ ಹಚ್ಚೀಯೋ? ಇದು ನಮ್ಮಂಥವರ ಕೆಲಸ ಅಲ್ಲ!”

ಅಂದ ಮೇಲೆ ನನಗೇ ಕಸಿವಿಸಿಯಾಯಿತು. ಅದು ನನ್ನ ಮಾತಲ್ಲ, ನಮ್ಮಪ್ಪನ ಮಾತು.

“ಅಜ್ಜಾ, ಇಲ್ಲಿ ನೋಡ್ರಿ” ಎಂದು ಅವನು ಮೊಬೈಲ್ ತೋರಿಸಿದ. ಬೆಂಗಳೂರಿನ ‘ಸ್ವರಾತ್ಮ’ ಬ್ಯಾಂಡಿನಲ್ಲಿ ಡ್ರಮ್ಸ್ ಬಾರಿಸುತ್ತಿದ್ದ ಮಾಂಟ್ರಿ ಮ್ಯಾನುಯೆಲ್. ಸಿನಿಮಾದ ಹಂಗಿಲ್ಲದೆ ತಮ್ಮ ಹಾಡು ತಾವೇ ಕಟ್ಟುವ ತಂಡ ಅದು. 2009ರಲ್ಲಿ ಬಂದ ಅವರ ಮೊದಲ ಆಲ್ಬಮ್‌ನಲ್ಲಿ ‘ಈ ಭೂಮಿ’ ಎಂಬ ಕನ್ನಡ ಹಾಡೂ ಇದೆ. ಮುಂದೆ ಮಾಂಟ್ರಿ ‘ತಾಳವಟ್ಟಂ’ ಎಂಬ ತಂಡ ಕಟ್ಟಿ, ಜನ ಬಿಸಾಡಿದ ಪೈಪು, ಡಬ್ಬಗಳಿಂದಲೇ ವಾದ್ಯ ಮಾಡಿಕೊಂಡರು. ಡ್ರಮ್ಸ್ ಸುಲಭವಲ್ಲ. ಎರಡು ಕೈ, ಎರಡು ಕಾಲು ನಾಲ್ಕು ಬೇರೆ ಬೇರೆ ಕೆಲಸ ಮಾಡಬೇಕು, ತಾಳ ಮಾತ್ರ ಒಂದೇ ಇರಬೇಕು.

ನೋಡುತ್ತಾ ನೋಡುತ್ತಾ ನನಗೆ ರಾಯಬಾಗ ತಾಲೂಕಿನ ನಮ್ಮೂರು ನೆನಪಾಯಿತು. ಏಳನೇ ಇಯತ್ತೆಯಲ್ಲಿ ನನಗೊಬ್ಬ ಗೆಳೆಯನಿದ್ದ. ಅವರ ಮನೆತನದವರು ಊರ ಜಾತ್ರೆಗೆ ಹಲಗಿ ಬಾರಿಸುವವರು. ಕಬ್ಬಿನ ರವದಿಗೆ ಬೆಂಕಿ ಹಚ್ಚಿ ಹಲಗಿ ಕಾಸುತ್ತಿದ್ದರು. ಕಾದಾಗ ಚರ್ಮ ಬಿಗಿದು ನಾದ ಖಣಖಣ ಅನ್ನುತ್ತಿತ್ತು. ಅವನು ನನಗೂ ಒಂದು ಪೆಟ್ಟು ಕಲಿಸಿದ. ಅಪ್ಪ ಅದನ್ನು ನೋಡಿ, ಕಿವಿ ಹಿಡಿದು ಎಳೆತಂದು, ತಲೆಮೇಲೆ ನೀರು ಸುರಿದರು. ಮರುದಿನ ಶಾಲೆಯಲ್ಲಿ ಗೆಳೆಯ ನಕ್ಕ. ನಾನು ಹೆದರಿ ಮುಖ ತಿರುಗಿಸಿದೆ. ಆಮೇಲೆ ಮಾತೇ ಆಡಲಿಲ್ಲ.

ಬಿ.ಕಾಂ. ಮುಗಿಸಿ, ನಿಪ್ಪಾಣಿ, ಅಥಣಿ ಶಾಖೆಗಳಲ್ಲಿ 34 ವರ್ಷ ಬ್ಯಾಂಕಿನ ಲೆಕ್ಕ ಬರೆದೆ. ಒಂದು ಪೈಸೆ ತಾಳೆಯಾಗದಿದ್ದರೂ ರಾತ್ರಿಯವರೆಗೆ ಕೂತು ಹುಡುಕುತ್ತಿದ್ದೆ. ಈ ಬಾಕಿ ಮಾತ್ರ ಹಾಗೇ ಉಳಿದಿತ್ತು.

ಮರುದಿನವೇ ಮೊಮ್ಮಗನನ್ನು ಕರೆದುಕೊಂಡು ಊರಿಗೆ ಹೋದೆ. ಗೆಳೆಯ ಕಟ್ಟೆಯ ಮೇಲೆ ಕೂತಿದ್ದ. ನನ್ನ ಹಾಗೇ ಹಣ್ಣಾಗಿದ್ದ. “ಅವತ್ತು ನಿನ್ನ ಮಾತಾಡಿಸಲಿಲ್ಲ, ತಪ್ಪಾತು” ಅಂದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದ. ಆಮೇಲೆ, “ಇದನ್ನ ಹೇಳಾಕ ಇಷ್ಟ ವರ್ಷಾ ಬೇಕಾತೇನೋ ನಿನಗ?” ಅಂದ.

ಒಳಗೆ ಹೋಗಿ ಹಲಗಿ ತಂದ. ರವದಿಗೆ ಕಡ್ಡಿ ಗೀರಿದ. ಮೊಮ್ಮಗ ಕೈಚಾಚಿದರೆ, “ತಡಿಯಪ್ಪಾ, ಮೊದಲ ನಿಮ್ಮಜ್ಜ ಬಾರಿಸಲಿ” ಎಂದು ಕೋಲು ನನ್ನ ಕೈಗೆ ಕೊಟ್ಟ. ಕಲಿತ ಪೆಟ್ಟು ಅರ್ಧ ನೆನಪಿತ್ತು. ಉಳಿದರ್ಧ ಅವನು ತೋರಿಸಿದ.

ಈಗ ಪ್ರತಿ ಭಾನುವಾರ ನಾವಿಬ್ಬರೂ ಅಲ್ಲಿಗೆ ಹೋಗುತ್ತೇವೆ. ಮೊಮ್ಮಗ ಬೇಗ ಕಲಿಯುತ್ತಿದ್ದಾನೆ. ನನ್ನದು ನಿಧಾನ.