ಏಜಾಕ್ಸನ ಕುರಿಗಳು, ಯಶೋಧರನ ಹಿಟ್ಟಿನ ಕೋಳಿ

ಬೆಂಗಳೂರಿನ ದಂಡು ಪ್ರದೇಶದ ಜೈನ ಕುಟುಂಬಗಳಲ್ಲಿ ಒಂದು ಪ್ರಶ್ನೆ ಆಗಾಗ ಏಳುವುದುಂಟು. ಶಿವಾಜಿನಗರ, ಹಲಸೂರು, ಇಂದಿರಾನಗರಗಳ ಇಂಗ್ಲಿಷ್ ಶಾಲೆಗಳಲ್ಲಿ ಓದುವ ಮಕ್ಕಳಿಗೆ ಹರ್ಕ್ಯುಲಿಸನ ಹನ್ನೆರಡು ಸಾಹಸಗಳೂ ಟ್ರಾಯ್ ನಗರದ ಮರದ ಕುದುರೆಯೂ ಕಂಠಸ್ಥವಾಗಿರುತ್ತವೆ. ಯಶೋಧರನ ಹೆಸರು ಕೇಳಿದರೆ ಮುಖ ನೋಡುತ್ತಾರೆ. ಪರಸ್ತ್ರೀಯರನ್ನು ಅಪಹರಿಸುವ, ಪಕ್ಷಪಾತದಿಂದ ಯುದ್ಧ ಹೂಡಿಸುವ, ಮತ್ಸರದಿಂದ ಮನುಷ್ಯರನ್ನು ಕೆಡಿಸುವ ಆ ದೇವತೆಗಳ ಕಥೆಗೆ ಶ್ರಾವಕರ ಮನೆಯಲ್ಲಿ ಏನು ಕೆಲಸ ಎಂದು ಹಿರಿಯರು ಕೇಳುತ್ತಾರೆ. ಈ ಆಕ್ಷೇಪಣೆಯನ್ನು ಹಳೆಯ ಕಾಲದ್ದೆಂದು ತಳ್ಳಿಹಾಕುವಂತಿಲ್ಲ. ಆದರೆ ಉತ್ತರ ಹೇಳುವ ಮೊದಲು ಆ ಕಥೆಗಳಲ್ಲಿ ಒಂದನ್ನಾದರೂ ಪೂರ್ತಿಯಾಗಿ ಓದಿ ನೋಡುವುದು ನ್ಯಾಯ.

ಯವನ ದೇಶಗಳೊಡನೆ ಈ ನೆಲದ ವ್ಯವಹಾರ ಹೊಸದಲ್ಲ. 1965ರಲ್ಲಿ ಇಂದಿರಾನಗರಕ್ಕೆ ಅನತಿದೂರದ ಎಚ್.ಎ.ಎಲ್. ವಿಮಾನ ನಿಲ್ದಾಣದ ಬಳಿ ನೆಲ ಅಗೆಯುವಾಗ ರೋಮನ್ ಚಕ್ರವರ್ತಿಗಳ ಬೆಳ್ಳಿ ನಾಣ್ಯಗಳ ನಿಧಿ ದೊರೆಯಿತು. ನಾಣ್ಯ ಬಂದಷ್ಟು ಬೇಗ ಕಥೆ ಬರಲಿಲ್ಲ. 1809ರಲ್ಲಿ ಬ್ರಿಟಿಷರು ಇಲ್ಲಿ ದಂಡನ್ನು ಸ್ಥಾಪಿಸಿದರು. ತರುವಾಯ 1865ರ ಬಿಷಪ್ ಕಾಟನ್ ಶಾಲೆಯಂತಹ ವಿದ್ಯಾಲಯಗಳು ಹುಟ್ಟಿಕೊಂಡವು. ಇಂಗ್ಲಿಷ್ ಶಿಕ್ಷಣದ ಬೆನ್ನಿಗೇ ಗ್ರೀಕ್ ಪುರಾಣವೂ ನಡೆದು ಬಂತು. ದಂಡು ಪ್ರದೇಶವು 1947ರಲ್ಲಿ ಮೈಸೂರು ಸಂಸ್ಥಾನಕ್ಕೆ ಮರಳಿತು. ಪಾಠಪುಸ್ತಕಗಳ ಕಥೆಗಳು ಮಾತ್ರ ಉಳಿದುಕೊಂಡವು.

ಈ ಕಥೆಗಳನ್ನು ಕನ್ನಡದ ಜಾಯಮಾನಕ್ಕೆ ಒಗ್ಗಿಸಿದ ಕೀರ್ತಿ ಆಚಾರ್ಯ ಬಿ.ಎಂ. ಶ್ರೀಕಂಠಯ್ಯನವರದು. ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿಯೂ ಬಳಿಕ ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿಯೂ ಇಂಗ್ಲಿಷ್ ಬೋಧಿಸಿದ ಆ ಮಹನೀಯರು 1926ರಲ್ಲಿ ಜೈನಕವಿ ರನ್ನನ ಗದಾಯುದ್ಧವನ್ನು ನಾಟಕವಾಗಿಸಿ, ಗ್ರೀಕ್ ರುದ್ರನಾಟಕದ ಕಣ್ಣಿನಿಂದ ದುರ್ಯೋಧನನನ್ನು ಕಂಡರು. 1929ರಲ್ಲಿ ಸೊಫೊಕ್ಲಿಸನ ‘ಏಜಾಕ್ಸ್’ ನಾಟಕವನ್ನು ‘ಅಶ್ವತ್ಥಾಮನ್’ ಎಂಬ ಹೆಸರಿನಿಂದ ಕನ್ನಡಕ್ಕೆ ಅಳವಡಿಸಿದರು. ಪುರಾಣದ ಪ್ರಕಾರ ಚಿರಂಜೀವಿಯಾದ ಅಶ್ವತ್ಥಾಮನು ಈ ನಾಟಕದಲ್ಲಿ ತನ್ನ ಕೈಯಿಂದಲೇ ಸಾಯುತ್ತಾನೆ. ಆ ಬದಲಾವಣೆ ಸರಿಯೇ ಎಂಬ ಚರ್ಚೆ ವಿದ್ವಾಂಸರಿಗೆ ಬಿಟ್ಟದ್ದು. ಜೈನ ಓದುಗನು ಕುತೂಹಲದಿಂದ ನೋಡಬೇಕಾದದ್ದು ಮೂಲದ ಕಥೆಯನ್ನು.

ಟ್ರಾಯ್ ಯುದ್ಧದಲ್ಲಿ ಮಹಾವೀರನಾದ ಅಕಿಲೀಸ್ ಮಡಿದ ಮೇಲೆ ಅವನ ಆಯುಧಗಳು ಯಾರಿಗೆ ಸಲ್ಲಬೇಕೆಂಬ ವಿವಾದ ಹುಟ್ಟಿತು. ಬಲದಲ್ಲಿ ಅಕಿಲೀಸನಿಗೆ ಎರಡನೆಯವನಾದ ಏಜಾಕ್ಸ್ ಅವು ತನಗೇ ಎಂದು ನಂಬಿದ್ದ. ತೀರ್ಪು ಜಾಣನಾದ ಒಡಿಸ್ಯೂಸನ ಪರವಾಯಿತು. ಅವಮಾನದಿಂದ ಉರಿದ ಏಜಾಕ್ಸ್ ಸೇನಾನಾಯಕರಾದ ಅಗಮೆಮ್ನಾನ್, ಮೆನೆಲಾಸರನ್ನೂ ಒಡಿಸ್ಯೂಸನನ್ನೂ ಕೊಲ್ಲಲು ನಡುರಾತ್ರಿ ಖಡ್ಗ ಹಿಡಿದು ಹೊರಟ. ಅಥೀನಾ ದೇವಿ ಅವನ ಕಣ್ಣಿಗೆ ಮಂಕು ಕವಿಸಿದಳು. ಸೇನೆಯ ಸೂರೆಯ ದನಕುರಿಗಳನ್ನೇ ಶತ್ರುಗಳೆಂದು ಭ್ರಮಿಸಿ ಅವನು ಕೊಚ್ಚಿದ. ಕಾವಲಿನ ದನಗಾಹಿಗಳೂ ಸತ್ತರು. ಒಡಿಸ್ಯೂಸನೆಂದು ಬಗೆದ ಟಗರನ್ನು ಡೇರೆಗೆ ಎಳೆತಂದು ಕಟ್ಟಿ ಚಾವಟಿಯಿಂದ ಹೊಡೆದ. ಬುದ್ಧಿ ತಿಳಿಯಾದಾಗ ಸುತ್ತಲೂ ಇದ್ದದ್ದು ಮೂಕಪ್ರಾಣಿಗಳ ಹೆಣಗಳು.

ಇಷ್ಟು ಕೇಳಿದ ಮಗು, ತಪ್ಪು ದೇವಿಯದಲ್ಲವೇ ಎಂದು ಕೇಳುತ್ತದೆ. ಲೆಕ್ಕ ಬರೆದು ಬಲ್ಲವರು ಕಲಮುಗಳನ್ನು ಬೇರ್ಪಡಿಸಿ ನೋಡುವರು. ಕೊಲ್ಲಬೇಕೆಂಬ ಸಂಕಲ್ಪ ಮೂಡಿದಾಗ ಏಜಾಕ್ಸನ ಬುದ್ಧಿ ಸ್ವಸ್ಥವಾಗಿಯೇ ಇತ್ತು. ದೇವಿಯು ಆ ಖಡ್ಗದ ದಿಕ್ಕನ್ನಷ್ಟೇ ತಿರುಗಿಸಿದಳು. ಜೈನ ಪರಿಭಾಷೆಯಲ್ಲಿ ಹೇಳುವುದಾದರೆ ಅವಳು ನಿಮಿತ್ತ, ಉಪಾದಾನ ಅವನ ಕಷಾಯ. ಯಾರನ್ನು ಕೊಲ್ಲಲು ಹೊರಟನೋ ಆ ಮನುಷ್ಯರ ಕೂದಲೂ ಕೊಂಕಲಿಲ್ಲ. ಆದರೂ ಅವರನ್ನು ಕುರಿತ ಭಾವಹಿಂಸೆ ಪೂರ್ಣವಾಗಿ ನಡೆದುಹೋಯಿತು. ರಾಗಾದಿಗಳು ಹುಟ್ಟುವುದೇ ಹಿಂಸೆ ಎಂಬ ಅಮೃತಚಂದ್ರಾಚಾರ್ಯರ ಮಾತಿಗೆ ಇದಕ್ಕಿಂತ ಸ್ಫುಟವಾದ ದೃಷ್ಟಾಂತ ಪರಸಾಹಿತ್ಯದಲ್ಲಿ ಸಿಗುವುದು ಕಷ್ಟ.

ಇಲ್ಲಿ ಜನ್ನನ ಯಶೋಧರ ಚರಿತೆ ನೆನಪಾಗದೆ ಇರದು. ಕ್ರಿ.ಶ. 1209ರ ಆ ಕಾವ್ಯದಲ್ಲಿ ಯಶೋಧರನು ಜೀವವಧೆಗೆ ಒಪ್ಪದೆ, ತಾಯಿ ಚಂದ್ರಮತಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಬಲಿ ಕೊಡುತ್ತಾನೆ. ಸಂಕಲ್ಪ ಮಾತ್ರದ ಆ ಹಿಂಸೆಗೆ ತಾಯಿ ಮಕ್ಕಳಿಬ್ಬರೂ ನವಿಲು, ನಾಯಿ ಮೊದಲಾದ ಜನ್ಮಗಳಲ್ಲಿ ತೊಳಲುತ್ತಾರೆ. ಏಜಾಕ್ಸ್ ಮನುಷ್ಯರೆಂದು ಬಗೆದು ಕುರಿಗಳನ್ನು ಕಡಿದ. ಯಶೋಧರ ಕೋಳಿಯೆಂದು ಬಗೆದು ಹಿಟ್ಟನ್ನು ಕಡಿದ. ಭಾವ ಒಂದು, ದ್ರವ್ಯ ಮತ್ತೊಂದು ಎಂಬ ತೊಡಕು ಇಬ್ಬರು ಕವಿಗಳಿಗೂ ಹೊಳೆದಿದೆ. ಆದರೆ ಭೇದವೂ ದೊಡ್ಡದು. ಸೊಫೊಕ್ಲಿಸನ ನಾಟಕದಲ್ಲಿ ಏಜಾಕ್ಸನ ಮಾನಹಾನಿಗೆ ಅಳುವವರು ಅನೇಕರು, ಆ ಕುರಿಗಳಿಗಾಗಿ ಅಳುವವರು ಒಬ್ಬರೂ ಇಲ್ಲ. ವೀರನೊಬ್ಬ ಪಶುಗಳ ಮೇಲೆ ಕೈಮಾಡಿ ನಗೆಪಾಟಲಾದನಲ್ಲಾ ಎಂಬುದೇ ಅಲ್ಲಿನ ಸಂಕಟ. ಗ್ರೀಕರೆಲ್ಲರೂ ಹೀಗೆಯೇ ಇದ್ದರೆಂದಲ್ಲ. ಎಂಪೆಡೊಕ್ಲಿಸನು ಪ್ರಾಣಿಬಲಿಯನ್ನು ಕಟುವಾಗಿ ಖಂಡಿಸಿದ್ದನು. ಆದರೂ ಹಿಟ್ಟಿನ ಕೋಳಿಗೂ ಲೆಕ್ಕವಿಟ್ಟ ಕಾವ್ಯವನ್ನು ಬರೆದವನು ಕನ್ನಡದ ಜನ್ನ. ಮಕ್ಕಳು ಎರಡನ್ನೂ ಒಟ್ಟಿಗೆ ಓದಿದಾಗಲೇ ಈ ವ್ಯತ್ಯಾಸ ಅವರ ಅರಿವಿಗೆ ಬರುತ್ತದೆ. ಒಂದನ್ನು ಮುಚ್ಚಿಟ್ಟರೆ ಬಾರದು.

ದೇವಿಗೆ ಏಜಾಕ್ಸನ ಮೇಲೆ ಮುನಿಸೇಕೆ? ಯುದ್ಧಕ್ಕೆ ಹೊರಟಾಗ ತಂದೆಯು ದೇವರ ನೆರವಿನಿಂದ ಗೆಲ್ಲು ಎಂದು ಹರಸಿದ್ದ. ದೇವರ ನೆರವಿದ್ದರೆ ಅಲ್ಪನೂ ಗೆಲ್ಲುತ್ತಾನೆ, ತಾನು ಅದಿಲ್ಲದೆಯೇ ಗೆಲ್ಲುವೆನೆಂದು ಮಗ ಬೀಗಿದ. ಈ ಭಾಗವನ್ನು ಓದುವಾಗ ಜೈನ ಓದುಗನು ಕೊಂಚ ನಿಂತು ಯೋಚಿಸಬೇಕಾಗುತ್ತದೆ. ದೇವತೆಗಳ ನೆರವನ್ನು ಬೇಡೆನ್ನುವುದು ಜೈನಮಾರ್ಗದಲ್ಲಿ ಅಪರಾಧವಲ್ಲ. ಶ್ವೇತಾಂಬರ ಪರಂಪರೆಯ ಮಹಾವೀರ ಚರಿತೆಯಲ್ಲಿ ಇಂದ್ರನೇ ಬಂದು ಉಪಸರ್ಗಗಳಿಂದ ರಕ್ಷಿಸುವೆನೆಂದಾಗ ಭಗವಂತರು ನಿರಾಕರಿಸಿದರಷ್ಟೆ. ಮಾತು ಎರಡೂ ಕಡೆ ಒಂದೇ, ಆಡಿದ ಮನಸ್ಸು ಬೇರೆ. ಒಂದರಲ್ಲಿ ಸ್ವಪುರುಷಾರ್ಥವಿದೆ, ಇನ್ನೊಂದರಲ್ಲಿ ಮಾನಕಷಾಯ. ಗೊಮ್ಮಟಸಾರವು ಮಾನಕ್ಕೆ ಕಲ್ಲು, ಎಲುಬು, ಕಟ್ಟಿಗೆ, ಬೆತ್ತ ಎಂಬ ನಾಲ್ಕು ಹೋಲಿಕೆಗಳನ್ನು ಕೊಡುತ್ತದೆ. ಬೆತ್ತ ಬಾಗುತ್ತದೆ, ಕಲ್ಲುಕಂಬ ಬಾಗದು. ಏಜಾಕ್ಸ್ ಕಲ್ಲುಕಂಬ.

ಕನ್ನಡದಲ್ಲಿ ಇಂತಹ ಇನ್ನೊಂದು ಕಂಬವನ್ನು ನಾಗಚಂದ್ರ ಕಡೆದಿದ್ದಾನೆ. ಅವನ ರಾಮಚಂದ್ರ ಚರಿತ ಪುರಾಣದ ರಾವಣ, ಒಲ್ಲದ ಪರಸ್ತ್ರೀಯನ್ನು ಮುಟ್ಟೆನೆಂಬ ವ್ರತಧಾರಿ. ತನ್ನ ಮಾತು ಕೇಳಿ ಸೀತೆ ಮೂರ್ಛೆಹೋದುದನ್ನು ಕಂಡು ಅವನ ಮನಸ್ಸು ಮರುಗುತ್ತದೆ; ಅವಳನ್ನು ಹಿಂದಿರುಗಿಸಲು ನಿಶ್ಚಯಿಸುತ್ತಾನೆ. ಆದರೆ ಈಗಲೇ ಒಪ್ಪಿಸಿದರೆ ಅಂಜಿದನೆಂದು ಲೋಕ ನಗುವುದಲ್ಲ! ರಾಮಲಕ್ಷ್ಮಣರನ್ನು ಗೆದ್ದು ಸೆರೆಹಿಡಿದು ಆಮೇಲೆ ಒಪ್ಪಿಸುವೆನೆನ್ನುತ್ತಾನೆ. ಯುದ್ಧದಲ್ಲಿ ಲಕ್ಷ್ಮಣನಿಂದ ಹತನಾಗುತ್ತಾನೆ. ಈ ರಾವಣನಲ್ಲಿ ರುದ್ರನಾಯಕನನ್ನು ಗುರುತಿಸಿ ಇಂಗ್ಲಿಷಿನಲ್ಲಿ ಪ್ರಬಂಧ ಬರೆದವರೂ ಶ್ರೀಕಂಠಯ್ಯನವರೇ. ಗ್ರೀಕ್ ನಾಟಕಗಳ ಪರಿಚಯ ಅವರನ್ನು ಜೈನ ಕವಿಯಿಂದ ದೂರ ಒಯ್ಯಲಿಲ್ಲ, ಬಹುಕಾಲ ಓದುಗರ ಗಮನಕ್ಕೆ ಬಾರದಿದ್ದ ಸಂಪತ್ತನ್ನು ತೋರಿಸಿಕೊಟ್ಟಿತು. ಬಾಗಿಲು ಹಾಕಬೇಕೆನ್ನುವ ಹಿರಿಯರು ಇದನ್ನೂ ಗಣಿಸಬೇಕು. ನಾಗಚಂದ್ರನಿಗೆ ರಾವಣನನ್ನು ಕೆಡಿಸಲು ಯಾವ ದೇವಿಯೂ ಬೇಕಾಗಲಿಲ್ಲವೆಂಬುದು ಬೇರೆ ಮಾತು.

ಏಜಾಕ್ಸನ ಕಥೆಯಲ್ಲಿ ಕಣಿ ಹೇಳುವ ಕ್ಯಾಲ್ಕಸನು ಒಂದು ಗುಟ್ಟು ಬಿಡುತ್ತಾನೆ. ದೇವಿಯ ಮುನಿಸು ಆ ಒಂದು ದಿನಕ್ಕೆ ಮಾತ್ರ. ಅವನನ್ನು ಅಂದು ಡೇರೆಯಲ್ಲಿಯೇ ಉಳಿಸಿಕೊಂಡರೆ ಬದುಕುವನು. ಸುದ್ದಿ ಮುಟ್ಟುವಷ್ಟರಲ್ಲಿ ಅವನು ಹೊರಟುಹೋಗಿದ್ದ. ಕಡಲ ತೀರದಲ್ಲಿ, ಶತ್ರುವಾದ ಹೆಕ್ಟರನು ಹಿಂದೆ ಕಾಣಿಕೆಯಿತ್ತಿದ್ದ ಖಡ್ಗದಿಂದಲೇ ಪ್ರಾಣ ನೀಗಿದ. ಸಾಯುವ ಮುನ್ನ ಸೇನಾನಾಯಕರೂ ಇಡೀ ಸೇನೆಯೂ ನಾಶವಾಗಲೆಂದು ಸೇಡಿನ ದೇವತೆಗಳನ್ನು ಕೂಗಿ ಶಪಿಸಿದ. 2015ರ ಆಗಸ್ಟಿನಲ್ಲಿ ರಾಜಸ್ಥಾನದ ಉಚ್ಚ ನ್ಯಾಯಾಲಯವು ಸಲ್ಲೇಖನವನ್ನು ಆತ್ಮಹತ್ಯೆಯೆಂದು ಎಣಿಸಿ ತೀರ್ಪಿತ್ತಾಗ, ಅದೇ ತಿಂಗಳಿನಲ್ಲಿ ಸರ್ವೋಚ್ಚ ನ್ಯಾಯಾಲಯ ಅದಕ್ಕೆ ತಡೆಯಾಜ್ಞೆ ನೀಡುವವರೆಗೂ ಸಮಾಜ ತಲ್ಲಣಿಸಿತು. ಎರಡಕ್ಕೂ ಭೇದವೇನೆಂದು ಕೇಳುವ ಅನ್ಯಧರ್ಮೀಯ ಮಿತ್ರರಿಗೆ ಏಜಾಕ್ಸನ ಕೊನೆಯ ಮಾತುಗಳನ್ನು ತೋರಿಸಬಹುದು. ಸಲ್ಲೇಖನದಲ್ಲಿ ದೇಹದೊಡನೆ ಕಷಾಯವೂ ಕೃಶವಾಗಬೇಕು; ಮರಣದ ಬಯಕೆ, ಮುಂದಿನ ಫಲದ ನಿದಾನ ಇವು ಅದಕ್ಕೆ ಅತಿಚಾರಗಳೆಂದು ತತ್ತ್ವಾರ್ಥಸೂತ್ರ ಎಣಿಸಿದೆ. ಏಜಾಕ್ಸನಲ್ಲಿ ದೇಹ ಬಿತ್ತು, ಕಷಾಯ ಬೆಳೆಯುತ್ತಲೇ ಇತ್ತು.

ನಾಟಕ ಅಲ್ಲಿಗೆ ಮುಗಿಯುವುದಿಲ್ಲ. ಹೆಣವನ್ನು ಹೂಳಕೂಡದು, ಹಕ್ಕಿಗಳು ತಿನ್ನಲಿ ಎಂದು ಸೇನಾನಾಯಕರು ಆಜ್ಞಾಪಿಸುತ್ತಾರೆ. ಆಗ ಮೃತನ ಪರವಾಗಿ ವಾದಿಸಲು ಬರುವವನು ಯಾರನ್ನು ಏಜಾಕ್ಸ್ ಎಲ್ಲರಿಗಿಂತ ಹೆಚ್ಚು ದ್ವೇಷಿಸಿದ್ದನೋ ಆ ಒಡಿಸ್ಯೂಸ್. ನಾಟಕದ ಮೊದಲಲ್ಲಿಯೇ, ಹುಚ್ಚನಾದ ವೈರಿಯನ್ನು ನೋಡಿ ನಗು ಎಂದು ದೇವಿ ಕರೆದಾಗ ಅವನು ನಕ್ಕಿರಲಿಲ್ಲ. ಇದೇ ಗತಿ ನಾಳೆ ತನಗೂ ಬರಬಹುದೆಂದು ಮರುಗಿದ್ದ. ಕಪಟಿಯೆಂದೇ ಹೆಸರಾದವನ ಬಾಯಿಂದ ಅನುಕಂಪೆಯ ಮಾತು ಹೊರಡಿಸಿದ್ದು ಸೊಫೊಕ್ಲಿಸನ ದೊಡ್ಡತನ. ಈಗ ಅಗಮೆಮ್ನಾನನು ಒಲ್ಲದ ಮನಸ್ಸಿನಿಂದ ಒಪ್ಪುತ್ತಾನೆ. ಹೂಳುವ ಕಾರ್ಯದಲ್ಲಿ ತಾನೂ ಕೈಜೋಡಿಸುವೆನೆಂದು ಒಡಿಸ್ಯೂಸ್ ಕೇಳಿಕೊಳ್ಳುತ್ತಾನೆ. ಏಜಾಕ್ಸನ ತಮ್ಮ ಟ್ಯೂಸರ್ ಅವನ ಔದಾರ್ಯವನ್ನು ಮನಸಾರೆ ಹೊಗಳುತ್ತಾನೆ. ಆದರೆ ದೇಹವನ್ನು ಮುಟ್ಟಲು ಮಾತ್ರ ಬಿಡಲಾರೆ, ಸತ್ತ ಅಣ್ಣನಿಗೆ ಅದು ಹಿಡಿಸದೇ ಹೋದೀತು ಎನ್ನುತ್ತಾನೆ. ಒಡಿಸ್ಯೂಸ್ ಅದಕ್ಕೆ ತಲೆಬಾಗಿ ಹಿಂದಿರುಗಿ ಹೋಗುತ್ತಾನೆ.