ತಾನೇ ಕರೆಸಿಕೊಂಡ ಜಲ್ಲಾದ

ಕಳೆದ ಚಳಿಗಾಲದ ರಜೆಗೆ ನಮ್ಮ ಆಪಾ ಅವರ ಮಗ ನಮ್ಮ ಮನೆಗೆ ಬಂದಿದ್ದ. ಇಂಜಿನಿಯರಿಂಗ್‌ನ ಕೊನೆಯ ವರ್ಷದಲ್ಲಿ ಓದುತ್ತಿರುವ ಹುಡುಗ. ಅವನಿಗೆ ಮಲಗಲು ಅಮ್ಮಿಯವರು ಇದ್ದ ಕೋಣೆಯನ್ನು ಬಿಟ್ಟುಕೊಟ್ಟಿದ್ದೆವು. ಒಂದು ರಾತ್ರಿ ಇಶಾ ನಮಾಝ್ ಮುಗಿಸಿ ಬಂದು ಮಲಗುವ ಸಿದ್ಧತೆಯಲ್ಲಿದ್ದಾಗ ಆ ಕೋಣೆಯಿಂದ ಭಾರವಾದ ಕಬ್ಬಿಣವನ್ನು ಕಲ್ಲಿನ ಮೇಲೆ ಎಳೆದಂತಹ ಸದ್ದು ಕೇಳಿಸಿತು. ಬಾಗಿಲ ಬಳಿ ನಿಂತು ನೋಡಿದೆವು. ದೀಪ ಆರಿಸಿದ ಕೋಣೆಯಲ್ಲಿ ಪರದೆಯೊಂದೇ ಬೆಳಗುತ್ತಿತ್ತು. ಅದರೊಳಗೆ ತಲೆಯ ಜಾಗದಲ್ಲಿ ತುಕ್ಕು ಹಿಡಿದ ದೊಡ್ಡ ಲೋಹದ ಗೋಪುರವನ್ನು ಹೊತ್ತ ಒಂದು ಆಕೃತಿ, ಆಳೆತ್ತರದ ಕತ್ತಿಯನ್ನು ನೆಲದ ಮೇಲೆ ಎಳೆಯುತ್ತಾ ಬರುತ್ತಿತ್ತು.

“ಏನಿದು ಬೇಟಾ? ಮಲಗುವ ಹೊತ್ತಿನಲ್ಲಿ ಶೈತಾನನ ಮುಖ ನೋಡುತ್ತಾ ಕುಳಿತಿದ್ದೀಯಲ್ಲ?” ಎಂದು ಗದರಿದೆವು.

ಅವನು ಆಟವನ್ನು ನಿಲ್ಲಿಸಿ ಎದ್ದು ನಿಂತ. “ಇದು ಶೈತಾನ ಅಲ್ಲ ಮಾಮೂ. ಜಿನ್ನ್ ಕೂಡ ಅಲ್ಲ. ಇದನ್ನು ಆ ಮನುಷ್ಯನೇ ಕರೆಸಿಕೊಂಡಿದ್ದಾನೆ. ತನ್ನನ್ನು ಶಿಕ್ಷಿಸಲು ಯಾರಾದರೂ ಬೇಕೆಂದು” ಎಂದ.

ಆಟವನ್ನು ನಿಲ್ಲಿಸಬೇಕೆಂದು ಹೇಳಲು ಹೋದ ನಾವು ಆ ಮಾತಿನಿಂದ ಅಲ್ಲಿಯೇ ಉಳಿದೆವು. ಹೊಸ್ತಿಲನ್ನು ಮಾತ್ರ ದಾಟಲಿಲ್ಲ. ಬಾಗಿಲಲ್ಲಿ ಕುರ್ಚಿ ಹಾಕಿಸಿಕೊಂಡು ಕುಳಿತು ಕೇಳಿದೆವು. ಆ ರಾತ್ರಿಯೂ, ಅನಂತರದ ಕೆಲವು ರಾತ್ರಿಗಳೂ ಅವನು ಆ ಕಥೆಯನ್ನು ನಮಗೆ ವಿವರಿಸಿದ. ಅದನ್ನು ಓದುಗರ ಮುಂದಿಡುವುದಕ್ಕೆ ಕಾರಣವಿದೆ. ಅದು ಕೊನೆಯಲ್ಲಿ ತಿಳಿಯುವುದು.

ಆ ಆಟದ ಹೆಸರು ‘ಸೈಲೆಂಟ್ ಹಿಲ್ 2’. ಜಪಾನಿನ ಕೊನಾಮಿ ಸಂಸ್ಥೆಯು 2001ರಲ್ಲಿ ಪ್ಲೇಸ್ಟೇಷನ್ 2 ಯಂತ್ರಕ್ಕಾಗಿ ಅದನ್ನು ಹೊರತಂದಿತು. 2024ರಲ್ಲಿ ಪೋಲೆಂಡಿನ ಬ್ಲೂಬರ್ ಟೀಮ್ ಎಂಬ ಸಂಸ್ಥೆಯು ಅದನ್ನು ಹೊಸದಾಗಿ ನಿರ್ಮಿಸಿತು. ಇದು ವಯಸ್ಕರಿಗಾಗಿ ಮಾಡಿದ ಆಟ, ಮಕ್ಕಳ ಕೈಗೆ ಕೊಡುವಂಥದ್ದಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇವೆ.

ಕಥೆ ಹೀಗಿದೆ. ಜೇಮ್ಸ್ ಸಂಡರ್‌ಲ್ಯಾಂಡ್ ಎಂಬ ಅಮೆರಿಕದ ಸಾಮಾನ್ಯ ಮನುಷ್ಯನೊಬ್ಬನಿಗೆ ಅವನ ಹೆಂಡತಿ ಮೇರಿಯಿಂದ ಒಂದು ಪತ್ರ ಬರುತ್ತದೆ. ಸೈಲೆಂಟ್ ಹಿಲ್ ಎಂಬ ಊರಿನಲ್ಲಿ ತಾನು ಕಾಯುತ್ತಿರುವುದಾಗಿ ಆಕೆ ಬರೆದಿರುತ್ತಾಳೆ. ಆದರೆ ಮೇರಿಯು ಮೂರು ವರ್ಷಗಳ ಹಿಂದೆಯೇ ಕಾಯಿಲೆಯಿಂದ ತೀರಿಕೊಂಡಿದ್ದಾಳೆ ಎಂಬುದು ಜೇಮ್ಸ್‌ನ ನಂಬಿಕೆ. ಆದರೂ ಅವನು ಹೊರಟುಬರುತ್ತಾನೆ. ಊರನ್ನು ದಟ್ಟವಾದ ಮಂಜು ಕವಿದಿರುತ್ತದೆ. ಬೀದಿಗಳಲ್ಲಿ ವಿಕಾರ ಜೀವಿಗಳು ತಿರುಗುತ್ತಿರುತ್ತವೆ. ಅವು ಹತ್ತಿರ ಬಂದಾಗಲೆಲ್ಲ ಅವನ ಬಳಿಯಿರುವ ಸಣ್ಣ ರೇಡಿಯೋ ಗರಗರ ಸದ್ದು ಮಾಡುತ್ತದೆ.

ಅದೇ ಊರಿನಲ್ಲಿ ಲಾರಾ ಎಂಬ ಎಂಟು ವರ್ಷದ ಹುಡುಗಿಯೂ ಓಡಾಡುತ್ತಿರುತ್ತಾಳೆ. ಅವಳಿಗೆ ಯಾವ ಭೀತಿಯೂ ಇಲ್ಲ. ಏಕೆಂದರೆ ಅವಳ ಕಣ್ಣಿಗೆ ಒಂದು ಪಿಶಾಚಿಯೂ ಕಾಣಿಸುವುದಿಲ್ಲ. ತಂದೆಯ ದೌರ್ಜನ್ಯಕ್ಕೆ ಬಲಿಯಾದ ಏಂಜೆಲಾ ಎಂಬ ಯುವತಿಗೆ ಎಲ್ಲೆಲ್ಲೂ ಬೆಂಕಿಯೇ ಕಾಣುತ್ತದೆ. ಅಂದರೆ ಆ ಊರು ಒಬ್ಬೊಬ್ಬರಿಗೂ ಅವರವರ ಎದೆಯೊಳಗೆ ಇರುವುದನ್ನೇ ತೋರಿಸುತ್ತದೆ. ಪಾಪದ ಹೊರೆಯಿಲ್ಲದ ಮಗುವಿಗೆ ಅದು ಬರಿಯ ಖಾಲಿ ಊರು. ಮೇರಿಯನ್ನು ತಾನು ಕಳೆದ ವರ್ಷವಷ್ಟೇ ಆಸ್ಪತ್ರೆಯಲ್ಲಿ ಕಂಡಿದ್ದೆ ಎಂದು ಆ ಮಗು ಹೇಳಿದಾಗ, ಜೇಮ್ಸ್ ನಂಬಿಕೊಂಡು ಬಂದ ‘ಮೂರು ವರ್ಷ’ದ ಲೆಕ್ಕವೇ ಸುಳ್ಳಾಗುತ್ತದೆ.

ನಾವು ಪರದೆಯ ಮೇಲೆ ಕಂಡ ಆ ಆಕೃತಿಯನ್ನು ಪಿರಮಿಡ್ ಹೆಡ್ ಎಂದು ಕರೆಯುತ್ತಾರೆ. ಅದನ್ನು ರೂಪಿಸಿದವರು ಮಸಾಹಿರೋ ಇಟೋ ಎಂಬ ಜಪಾನೀ ಕಲಾವಿದರು. ಮೊದಲು ಅವರು ಮುಖವಾಡ ಧರಿಸಿದ ಆಕೃತಿಯೊಂದನ್ನು ಬರೆದಿದ್ದರಂತೆ. ಆದರೆ ಅದು ಮುಖವಾಡ ತೊಟ್ಟ ಮನುಷ್ಯನಂತೆಯೇ ಕಂಡದ್ದರಿಂದ ಅದನ್ನು ಬಿಟ್ಟು, ಮುಖವೇ ಇಲ್ಲದಂತೆ ಲೋಹದ ಪಿರಮಿಡ್ಡನ್ನು ತಲೆಯ ಜಾಗದಲ್ಲಿಟ್ಟರು. ಅದರ ಚೂಪು ಕೋನಗಳು ನೋಡುವವರಿಗೆ ನೋವನ್ನು ನೆನಪಿಸಬೇಕೆಂಬುದು ಅವರ ಉದ್ದೇಶವಾಗಿತ್ತು. ಈ ಪ್ರಾಣಿಯು ಮಾತನಾಡುವುದಿಲ್ಲ. ಕಣ್ಣಿಲ್ಲ, ಆದುದರಿಂದ ಕರುಣೆಯನ್ನು ಹುಡುಕುವುದಕ್ಕೆ ಒಂದು ಮುಖವೂ ಇಲ್ಲ. ಜೇಮ್ಸ್ ಎಷ್ಟು ಗುಂಡು ಹಾರಿಸಿದರೂ ಅದು ಸಾಯುವುದಿಲ್ಲ.

ಅದರ ರೂಪ ಆ ಊರಿನ ಇತಿಹಾಸದಿಂದ ಬಂದದ್ದು. ಊರಿನ ವಸ್ತುಸಂಗ್ರಹಾಲಯದ ಗೋಡೆಯಲ್ಲಿ ಒಂದು ಚಿತ್ರ ತೂಗುತ್ತಿರುತ್ತದೆ. ಮಂಜಿನ ದಿನವೊಂದರಲ್ಲಿ ತೀರ್ಪು ಜಾರಿಯಾದ ಅನಂತರದ ದೃಶ್ಯ ಅದು. ಅದರಲ್ಲಿ ಇದೇ ಆಕೃತಿ ನಿಂತಿದೆ. ಹಿಂದೆ ಆ ಊರಿನಲ್ಲಿ ಮರಣದಂಡನೆಯನ್ನು ನೆರವೇರಿಸುತ್ತಿದ್ದ ಜಲ್ಲಾದನ ರೂಪವೇ ಅದು. ಹೀಗೆ ವೇಷವನ್ನು ಕೊಟ್ಟದ್ದು ಊರು. ಆದರೆ ಆ ವೇಷಕ್ಕೆ ಜೀವ ಕೊಟ್ಟು ಕರೆಸಿಕೊಂಡದ್ದು ಜೇಮ್ಸ್‌ನ ಮನಸ್ಸು.

ಏಕೆ ಕರೆಸಿಕೊಂಡ? ಸರೋವರದ ದಂಡೆಯ ಹೋಟೆಲೊಂದರ ಕೋಣೆಯಲ್ಲಿ ಅವನಿಗೆ ಒಂದು ವಿಡಿಯೋ ಟೇಪ್ ಸಿಗುತ್ತದೆ. ಅದರಲ್ಲಿ ಸತ್ಯವಿರುತ್ತದೆ. ಮೇರಿಯು ಕಾಯಿಲೆಯಿಂದ ಸತ್ತದ್ದಲ್ಲ. ಹಾಸಿಗೆ ಹಿಡಿದು ನರಳುತ್ತಿದ್ದ ಆಕೆಯ ಮುಖಕ್ಕೆ ದಿಂಬನ್ನು ಒತ್ತಿ ಕೊಂದವನು ಜೇಮ್ಸ್‌ನೇ. ಕಾಯಿಲೆಯು ಆಕೆಯ ರೂಪವನ್ನೂ ಸಹನೆಯನ್ನೂ ಕಿತ್ತುಕೊಂಡಿತ್ತು. ಹೂ ತಂದರೆ ಸಿಡುಕುವಳು, ಮರುಕ್ಷಣವೇ ತನ್ನನ್ನು ಬಿಟ್ಟು ಹೋಗಬೇಡವೆಂದು ಅಳುವಳು. ಅವನು ಆಕೆಯನ್ನು ಪ್ರೀತಿಸುತ್ತಿದ್ದ. ಜೊತೆಗೆ ಬೇಸತ್ತೂ ಇದ್ದ. ಆ ಬೇಸರವನ್ನೂ ಆ ಕೃತ್ಯವನ್ನೂ ತನ್ನಿಂದಲೇ ಮುಚ್ಚಿಟ್ಟುಕೊಂಡ. ಆದರೆ ಮುಚ್ಚಿಟ್ಟದ್ದು ಸುಮ್ಮನಿರಲಿಲ್ಲ. ಅದು ಜಲ್ಲಾದನಾಗಿ ಎದ್ದು ಅವನ ಬೆನ್ನು ಹತ್ತಿತು. ಮೇರಿಯನ್ನೇ ಹೋಲುವ ಮರಿಯಾ ಎಂಬ ಹೆಣ್ಣನ್ನು ಅವನ ಕಣ್ಣೆದುರು ಮತ್ತೆ ಮತ್ತೆ ಕೊಂದು ತೋರಿಸಿತು. ಅವನು ನೋಡಲು ನಿರಾಕರಿಸಿದ್ದನ್ನು ನೋಡುವಂತೆ ಮಾಡುವುದೇ ಅದರ ಕೆಲಸವಾಗಿತ್ತು.

ಕೊನೆಗೆ ಅಂತಹ ಎರಡು ಆಕೃತಿಗಳು ಎದುರಾದಾಗ ಜೇಮ್ಸ್ ಒಪ್ಪಿಕೊಳ್ಳುತ್ತಾನೆ. ತಾನು ದುರ್ಬಲನಾಗಿದ್ದೆ, ತನ್ನನ್ನು ದಂಡಿಸಲು ಯಾರಾದರೂ ಬೇಕೆಂದು ಬಯಸಿದ್ದೆ, ಈಗ ಸತ್ಯ ತಿಳಿದಿದೆ, ಇನ್ನು ಅವುಗಳ ಅಗತ್ಯವಿಲ್ಲ ಎಂಬರ್ಥದ ಮಾತು ಅವನ ಬಾಯಿಂದ ಬರುತ್ತದೆ. ಅನಂತರದ ಕಾದಾಟದ ಕೊನೆಯಲ್ಲಿ ಅವೆರಡೂ ತಮ್ಮ ಈಟಿಗಳಿಂದ ತಾವೇ ಇರಿದುಕೊಂಡು ಸಾಯುತ್ತವೆ. ಗುಂಡಿಗೆ ಸಾಯದ ಜಲ್ಲಾದ ಸತ್ಯವನ್ನು ಒಪ್ಪಿಕೊಂಡಾಗ ಸತ್ತ.

ಮುಂದೆ 2006ರ ಚಲನಚಿತ್ರದಲ್ಲಿಯೂ ಬೇರೆ ಆಟಗಳಲ್ಲಿಯೂ ಇದೇ ಆಕೃತಿಯನ್ನು ಬಳಸಿಕೊಂಡರು. ಅಲ್ಲಿ ಜೇಮ್ಸ್ ಇಲ್ಲ. ಆದ್ದರಿಂದ ಅದು ಜನರನ್ನು ಬೆದರಿಸುವ ಬರಿಯ ರಾಕ್ಷಸನಾಗಿ ಉಳಿಯಿತು. ತಮ್ಮ ಸೃಷ್ಟಿ ಹೀಗೆ ಎಲ್ಲೆಡೆ ಬಳಕೆಯಾದುದರ ಬಗ್ಗೆ ಇಟೋ ಅವರು ಬಹಿರಂಗವಾಗಿಯೇ ಅಸಮಾಧಾನ ತೋರಿದ್ದಾರೆ. ಅವರ ನೋವು ನಮಗೆ ಅರ್ಥವಾಗುತ್ತದೆ. ಪಾಪ ಮಾಡಿದವನನ್ನು ಬಿಟ್ಟು ಪಾಪಪ್ರಜ್ಞೆಯನ್ನು ಮಾತ್ರ ಬೇರೆ ಊರಿಗೆ ಸಾಗಿಸಲು ಬರುವುದಿಲ್ಲ.

ಕಥೆ ಮುಗಿದಾಗ ಹುಡುಗ ಕೇಳಿದ: “ಮಾಮೂ, ಒಂದು ಮಾತು ಕೇಳಲೇ? ನಾನು ಬಂದು ಇಷ್ಟು ದಿನವಾಯಿತು. ನೀವು ನಾನಿಯ ಈ ಕೋಣೆಯೊಳಗೆ ಒಮ್ಮೆಯೂ ಬರಲಿಲ್ಲವಲ್ಲ, ಯಾಕೆ?”

ನಾವು ಉತ್ತರ ಕೊಡಲಿಲ್ಲ. ಅಂದು ಕೊಡದ ಉತ್ತರವನ್ನು ಇಂದು ಬರೆಯುತ್ತಿದ್ದೇವೆ.

ಅಮ್ಮಿಯವರಿಗೆ ಲಕ್ವ ಹೊಡೆದು ಎಂಟು ತಿಂಗಳು ಹಾಸಿಗೆಯಲ್ಲಿದ್ದರು. ಆರೈಕೆ ನಮ್ಮದೇ ಆಗಿತ್ತು. ಒಂದು ರಾತ್ರಿ ಸುಮಾರು ಎರಡು ಗಂಟೆಗೆ ಅವರು ನೀರು ಕೇಳಿದರು. ನಮಗೆ ಎಚ್ಚರವಿತ್ತು. ಮೂರು ರಾತ್ರಿಗಳಿಂದ ಕಣ್ಣು ಮುಚ್ಚಿರಲಿಲ್ಲ. ಅವರು ಇನ್ನೊಮ್ಮೆ ಕರೆದರು. ನಾವು ಹೊದಿಕೆಯನ್ನು ಮುಖದ ಮೇಲೆ ಎಳೆದುಕೊಂಡು ನಿದ್ದೆ ಬಂದವರಂತೆ ಮಲಗಿದೆವು. ಮೂರನೆಯ ಬಾರಿ ಅವರು ಕರೆಯಲಿಲ್ಲ. ಬೆಳಗ್ಗೆ ನೀರು ಕುಡಿಸುವಾಗ ಏನನ್ನೂ ಹೇಳದೆ, ಆಡುತ್ತಿದ್ದ ಒಂದು ಕೈಯನ್ನು ನಮ್ಮ ತಲೆಯ ಮೇಲಿಟ್ಟರು. ಹನ್ನೊಂದು ದಿನಗಳ ಬಳಿಕ ಅವರು ಅಲ್ಲಾಹನ ಕರೆಗೆ ಓಗೊಟ್ಟರು.

ಅವರ ಮರಣಕ್ಕೆ ಆ ರಾತ್ರಿ ಕಾರಣವಲ್ಲ ಎಂಬುದು ನಮಗೂ ಗೊತ್ತು. ಆದರೆ ಅಂದಿನಿಂದ ನಮ್ಮೊಳಗೂ ಒಬ್ಬ ಜಲ್ಲಾದ ಕಬ್ಬಿಣ ಎಳೆಯುತ್ತಾ ತಿರುಗತೊಡಗಿದ. ಚಾಪೆಯಿಲ್ಲದೆ ನೆಲದ ಮೇಲೆ ಮಲಗಿದೆವು, ಸಿಹಿ ಬಿಟ್ಟೆವು, ಆ ಕೋಣೆಯನ್ನು ಬಿಟ್ಟೆವು. ಇವೆಲ್ಲವನ್ನೂ ಪಶ್ಚಾತ್ತಾಪವೆಂದೇ ಭಾವಿಸಿದ್ದೆವು. ಆದರೆ ಅದರ ಜೊತೆಗೆ ಇನ್ನೊಂದು ಸಂಗತಿಯೂ ನಡೆದಿತ್ತು. ಅಮ್ಮಿಗಾಗಿ ದುಆ ಮಾಡಲು ಕೈ ಎತ್ತಿದಾಗಲೆಲ್ಲ ‘ನಿನಗೇನು ಯೋಗ್ಯತೆ?’ ಎಂದು ಒಳಗಿನಿಂದ ಅವನು ಕೇಳುತ್ತಿದ್ದ. ನಾವು ಕೈ ಇಳಿಸುತ್ತಿದ್ದೆವು. ಅಂದು ಒಂದು ಲೋಟ ನೀರು ಕೊಡಲಿಲ್ಲ. ಅನಂತರದ ವರ್ಷಗಳಲ್ಲಿ ದುಆವನ್ನೂ ಕೊಡಲಿಲ್ಲ. ನಮ್ಮ ಶಿಕ್ಷೆಯಿಂದ ಅಮ್ಮಿಗೆ ಸಿಕ್ಕಿದ್ದಾದರೂ ಏನು?

ಬುಖಾರಿ ಮತ್ತು ಮುಸ್ಲಿಮ್ ಗ್ರಂಥಗಳಲ್ಲಿ ವರದಿಯಾಗಿರುವ, ಅಬೂ ಸಈದ್ ಅಲ್ ಖುದ್ರಿ(ರ) ಅವರು ನಿವೇದಿಸಿದ ಪ್ರಸಂಗವೊಂದು ಓದುಗರಿಗೆ ತಿಳಿದೇ ಇದೆ. ತೊಂಬತ್ತೊಂಬತ್ತು ಮಂದಿಯನ್ನು ಕೊಂದವನೊಬ್ಬ ತನಗೆ ತೌಬಾದ ದಾರಿಯಿದೆಯೇ ಎಂದು ಒಬ್ಬ ಸನ್ಯಾಸಿಯನ್ನು ಕೇಳಿದ. ಇಲ್ಲವೆಂಬ ಉತ್ತರ ಬಂದಾಗ ಅವನನ್ನೂ ಕೊಂದು ನೂರು ತುಂಬಿಸಿದ. ಬಳಿಕ ಒಬ್ಬ ವಿದ್ವಾಂಸರನ್ನು ಕೇಳಿದ. ನಿನಗೂ ತೌಬಾಕ್ಕೂ ನಡುವೆ ಅಡ್ಡ ನಿಲ್ಲುವವರು ಯಾರು ಎಂದು ಅವರು ಕೇಳಿ, ಸಜ್ಜನರಿರುವ ಊರಿಗೆ ಹೊರಡುವಂತೆ ತಿಳಿಸಿದರು. ಅವನು ದಾರಿಯಲ್ಲೇ ಸತ್ತ. ಕರುಣೆಯ ಮಲಕ್‌ಗಳಿಗೂ ಶಿಕ್ಷೆಯ ಮಲಕ್‌ಗಳಿಗೂ ವಾದ ನಡೆದು ದೂರವನ್ನು ಅಳೆದಾಗ, ಅವನು ಹೊರಟಿದ್ದ ಊರಿಗೇ ಹತ್ತಿರವಿದ್ದ. ಕರುಣೆಯ ಮಲಕ್‌ಗಳು ಅವನನ್ನು ಒಯ್ದರು.

ಈ ಹದೀಸನ್ನು ನಾವು ಎಷ್ಟೋ ಬಾರಿ ಕೇಳಿದ್ದೆವು. ಆದರೆ ನಮ್ಮ ಜಲ್ಲಾದನು ಆಡುತ್ತಿದ್ದುದು ಆ ಸನ್ಯಾಸಿಯ ಮಾತನ್ನೇ ಎಂಬುದು ಹೊಳೆದದ್ದು ಈ ಬಾರಿ ಮಾತ್ರ. ಹತಾಶೆಯು ಒಂದು ಕೊಲೆಯನ್ನು ತಡೆಯಲಿಲ್ಲ, ಇನ್ನೊಂದನ್ನು ಮಾಡಿಸಿತು. ವಿದ್ವಾಂಸರು ಆ ಮನುಷ್ಯನಿಗೆ ನಿನ್ನನ್ನು ನೀನು ದಂಡಿಸಿಕೋ ಎನ್ನಲಿಲ್ಲ, ನಡೆ ಎಂದರು. ಅಝ್ಝುಮರ್ ಅಧ್ಯಾಯದ 53ನೆಯ ಸೂಕ್ತವು ತಮ್ಮ ಮೇಲೆ ಅತಿರೇಕ ಎಸಗಿಕೊಂಡವರನ್ನೇ ಉದ್ದೇಶಿಸಿ, ಅಲ್ಲಾಹನ ಕಾರುಣ್ಯದ ಬಗ್ಗೆ ನಿರಾಶರಾಗುವುದನ್ನು ನಿಷೇಧಿಸಿದೆ. ಇದರ ಅರ್ಥ ಪಾಪವು ಹಗುರವೆಂದಲ್ಲ. ಪಾಪವನ್ನು ಬಿಡಬೇಕು, ಮರುಗಬೇಕು, ಮರಳಿ ಮಾಡೆನೆಂದು ನಿಶ್ಚಯಿಸಬೇಕು. ಮನುಷ್ಯರ ಹಕ್ಕು ಅದರಲ್ಲಿದ್ದರೆ ಅದನ್ನು ಸಲ್ಲಿಸಬೇಕು. ಇವೆಲ್ಲವೂ ಮುಂದಕ್ಕೆ ನಡೆಯುವ ಕೆಲಸಗಳು. ಸ್ವದಂಡನೆಯಾದರೋ ನಿಂತಲ್ಲೇ ಸುತ್ತುವ ಕೆಲಸ.

ಹುಡುಗ ಹೇಳಿದ ಇನ್ನೊಂದು ಮಾತು ಇಲ್ಲಿ ನೆನಪಾಗುತ್ತದೆ. ಆ ಆಟಕ್ಕೆ ಹಲವು ಅಂತ್ಯಗಳಿವೆ. ಯಾವುದು ಬೇಕೆಂದು ಅದು ಆಡುವವನನ್ನು ಕೇಳುವುದಿಲ್ಲ, ಅವನ ನಡತೆಯನ್ನು ಸದ್ದಿಲ್ಲದೆ ಗಮನಿಸುತ್ತದೆ. ಗಾಯಕ್ಕೆ ಮದ್ದು ಮಾಡದೆ ಅಲೆದರೆ, ಏಂಜೆಲಾ ಕೊಟ್ಟ ಚಾಕುವನ್ನು ಪದೇ ಪದೇ ನೋಡಿದರೆ, ಜೇಮ್ಸ್ ಸರೋವರದಲ್ಲಿ ಮುಳುಗುವ ಅಂತ್ಯದತ್ತ ಕಥೆ ವಾಲುತ್ತದೆ. ಗಾಯವನ್ನು ಬೇಗ ವಾಸಿಮಾಡಿಕೊಂಡು, ಮೇರಿಯ ಚಿತ್ರವನ್ನೂ ಪತ್ರವನ್ನೂ ನೆನೆದು ನೋಡುತ್ತಿದ್ದರೆ ಅವನು ಲಾರಾಳೊಂದಿಗೆ ಊರನ್ನು ಬಿಟ್ಟು ಹೊರಡುತ್ತಾನೆ. ಆಟವು ಆಟವೇ, ಅದರಲ್ಲಿ ತೌಬಾ ಎಂಬುದಿಲ್ಲ, ಕ್ಷಮಿಸುವವನೂ ಇಲ್ಲ. ಜೇಮ್ಸ್ ಸತ್ಯವನ್ನು ಒಪ್ಪಿಕೊಂಡ, ಆದರೆ ಅದನ್ನು ಒಪ್ಪಿಸಲು ಅವನಿಗೆ ಒಂದು ಸನ್ನಿಧಿ ಇರಲಿಲ್ಲ. ನಮಗೆ ಇದೆ. ಇದ್ದೂ ನಾವು ಹೊಸ್ತಿಲಲ್ಲಿ ಕುರ್ಚಿ ಹಾಕಿಕೊಂಡು ಕುಳಿತಿದ್ದೆವು.

ಹುಡುಗ ಕಾಲೇಜಿಗೆ ಮರಳಿದ ಮರುದಿನ, ಫಜ್ರ್ ಬಳಿಕ ನಾವು ಆ ಕೋಣೆಯೊಳಗೆ ಹೋದೆವು. ಅಮ್ಮಿಯವರ ಮಂಚದ ಪಕ್ಕದಲ್ಲಿ ಎರಡು ರಕಅತ್ ನಮಾಝ್ ನಿರ್ವಹಿಸಿ ಕೈ ಎತ್ತಿದೆವು. ಒಳಗಿನವನು ಎಂದಿನಂತೆ ಯೋಗ್ಯತೆಯನ್ನು ಕೇಳಿದ. ಯೋಗ್ಯತೆಯಿಲ್ಲ, ಅದಕ್ಕೇ ಕೇಳುತ್ತಿದ್ದೇವೆ ಎಂದುಕೊಂಡೆವು. ಆ ದಿನ ಕೈ ಇಳಿಸಲಿಲ್ಲ.

ಸಅದ್ ಬಿನ್ ಉಬಾದಾ(ರ) ಅವರು ತೀರಿಕೊಂಡ ತಮ್ಮ ತಾಯಿಗಾಗಿ ಯಾವ ದಾನ ಶ್ರೇಷ್ಠವೆಂದು ಕೇಳಿದಾಗ ಪ್ರವಾದಿವರ್ಯರು(ಸ) ನೀರನ್ನು ಸೂಚಿಸಿದರೆಂದೂ ಅವರು ತಾಯಿಯ ಹೆಸರಿನಲ್ಲಿ ಬಾವಿ ತೋಡಿಸಿದರೆಂದೂ ಅಬೂದಾವೂದ್‌ನಲ್ಲಿದೆ. ಬಾವಿ ತೋಡಿಸುವ ಶಕ್ತಿ ನಮಗಿಲ್ಲ. ಮನೆಯ ಮುಂದಿನ ಬೇವಿನ ಮರದ ಕೆಳಗೆ ಎರಡು ಮಣ್ಣಿನ ಮಡಕೆಗಳನ್ನಿಟ್ಟಿದ್ದೇವೆ. ರಾತ್ರಿ ಮಲಗುವ ಮುನ್ನ ಅವುಗಳನ್ನು ನಾವೇ ತುಂಬಿಸುತ್ತೇವೆ. ರಾತ್ರಿ ಪಾಳಿ ಮುಗಿಸಿ ಬರುವ ಆಟೋದವರು ನಿಂತು ಕುಡಿಯುತ್ತಾರೆ. ಲೋಟದ ಸದ್ದಿಗೆ ಕೆಲವೊಮ್ಮೆ ಎರಡು ಗಂಟೆಗೆ ಎಚ್ಚರವಾಗುತ್ತದೆ. ಎದ್ದು ನೀರು ಇದೆಯೇ ಎಂದು ನೋಡಿ ಬರುತ್ತೇವೆ.

ನಮ್ಮ ಮನೆಗಳಲ್ಲಿ ರೋಗಿಗಳನ್ನು ನೋಡಿಕೊಳ್ಳುತ್ತಾ ದಣಿದವರು ಎಷ್ಟೋ ಮಂದಿ ಇದ್ದಾರೆ. ದಣಿವನ್ನು ಬಾಯಿಬಿಟ್ಟು ಹೇಳುವುದು ಪಾಪವಲ್ಲ. ಹೇಳಿ, ಒಂದು ರಾತ್ರಿಯಾದರೂ ಇನ್ನೊಬ್ಬರ ನೆರವು ಪಡೆಯಿರಿ. ನೆರವು ಕೊಡಬಲ್ಲವರು ಅವರು ಕೇಳುವವರೆಗೆ ಕಾಯಬೇಡಿ. ತಪ್ಪಿ ನಡೆದದ್ದಿದ್ದರೆ ಅದನ್ನು ಜಲ್ಲಾದನ ಕೈಗೆ ಕೊಡಬೇಡಿ, ಕ್ಷಮಿಸುವವನ ಮುಂದಿಡಿ.

ಅಲ್ಲಾಹನು ನಮ್ಮನ್ನು ಸಾಕಿದ ತಾಯಿತಂದೆಯರ ಮೇಲೆ ಕರುಣೆ ತೋರಲಿ. ಅವರ ವಿಷಯದಲ್ಲಿ ನಮ್ಮಿಂದಾದ ಲೋಪಗಳನ್ನು ಮನ್ನಿಸಲಿ. ಆಮೀನ್.