ಪಚ್ಚ ಎಂದರೆ ಯಾವ ಬಣ್ಣ?

ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ಕೆಂಕೆರೆಯವರಿಗೂ ತೆಲುಗರಿಗೂ ಕೆಂಪಿನ ವಿಷಯದಲ್ಲಿ ತಕರಾರಿಲ್ಲ. ಊರ ಹೆಸರಿನಲ್ಲೇ ಇರುವ 'ಕೆಂ' ಎಂಬುದಕ್ಕೆ ಅವರಲ್ಲಿ 'ಎರ್ರ' ಎಂಬ ನೇರ ಜೊತೆಪದವಿದೆ. ತಕರಾರು ಏಳುವುದು 'ಪಚ್ಚ'ದಿಂದ. ಪಾವಗಡ, ಮಡಕಶಿರಾ ಕಡೆಯ ನೆಂಟಸ್ತನವಿರುವ ಮನೆಯವರು ಮದುವೆಗೆ ಜವಳಿ ತೆಗೆಯಲು ಕುಳಿತಾಗ, ಬೀಗರ ಕಡೆಯವರು 'ಪಚ್ಚ ಚೀರ' ಎಂದರೆ ಕನ್ನಡದವರ ಕೈ ಹಸಿರು ಸೀರೆಯ ಕಡೆಗೆ ಹೋಗುತ್ತದೆ, ಬೀಗರ ಕಣ್ಣು ಅರಿಶಿನ ಬಣ್ಣದ ಸೀರೆಯ ಮೇಲೆಯೇ ಇರುತ್ತದೆ.

ತೆಲುಗಿನ ಪಚ್ಚ ಹಸಿರಿಗೂ ಸಲ್ಲುತ್ತದೆ, ಹಳದಿಗೂ ಸಲ್ಲುತ್ತದೆ. ಬಿಡಿಸಿ ಹೇಳಬೇಕಾದಾಗ ಎಲೆಯ ಬಣ್ಣವನ್ನು 'ಆಕುಪಚ್ಚ' ಎಂದೂ ಅರಿಶಿನದ ಬಣ್ಣವನ್ನು 'ಪಸುಪು' ಎಂದೂ ಕರೆಯುವ ಏರ್ಪಾಡು ಆ ಭಾಷೆಯಲ್ಲಿದೆಯಾದರೂ, ಬಿಡಿಸಿ ಹೇಳುವ ತಾಳ್ಮೆ ಜವಳಿ ಅಂಗಡಿಯಲ್ಲಿ ಯಾರಿಗೂ ಇರುವುದಿಲ್ಲ. ಕಾಮಾಲೆ ಅವರಿಗೆ 'ಪಚ್ಚಕಾಮೆರ್ಲು'. ಕಾಮಾಲೆ ಕಣ್ಣಿಗೆ ಕಂಡದ್ದೆಲ್ಲ ಹಳದಿ ಎಂಬ ಗಾದೆ ಅಲ್ಲಿಯೂ ಇದ್ದು, ಅಲ್ಲಿನ ರೋಗಿಗೆ ಲೋಕವೆಲ್ಲ ಪಚ್ಚವಾಗುತ್ತದೆ. 1982ರಲ್ಲಿ ಎನ್.ಟಿ. ರಾಮರಾವ್ ಕಟ್ಟಿದ ತೆಲುಗುದೇಶಂ ಪಕ್ಷದ ಹಳದಿ ಬಾವುಟವೂ 'ಪಚ್ಚ ಜೆಂಡಾ'ವೇ ಆಗಿರುವುದರಿಂದ, ರೈತಸಂಘದ ಹಸಿರು ಶಾಲು ನೋಡಿ ಬೆಳೆದ ತೆಂಗಿನ ಸೀಮೆಯವನಿಗೆ ಆ ಹೆಸರು ಕೇಳಿದೊಡನೆ ಕೊಬ್ಬರಿ ಬೆಲೆಗಾಗಿ ಹೊರಟ ಮೆರವಣಿಗೆಯೇ ನೆನಪಾದರೆ ತಪ್ಪೇನಿಲ್ಲ.

ಕೊಬ್ಬರಿಯಲ್ಲಂತೂ ಈ ತಕರಾರು ಇನ್ನೂ ಹತ್ತಿರಕ್ಕೆ ಬರುತ್ತದೆ. ತಿಪಟೂರು ಮಾರುಕಟ್ಟೆಯಲ್ಲಿ ಕೊಬ್ಬರಿ ಎಂದರೆ ಬಲಿತ ಕಾಯಿ ತಿಂಗಳುಗಟ್ಟಲೆ ಅಟ್ಟದ ಮೇಲಿದ್ದು, ಒಳಗಿನ ನೀರು ಇಂಗಿ, ಅಲುಗಿಸಿದರೆ ಚಿಪ್ಪಿನೊಳಗೆ ಗಡಗಡನೆ ಸದ್ದು ಮಾಡುವ ಉಂಡೆ. ತೆಲುಗರಾದರೋ ಆಗತಾನೆ ಒಡೆದ ಕಾಯಿಯ ತಿರುಳನ್ನೂ 'ಪಚ್ಚಿ ಕೊಬ್ಬರಿ' ಎನ್ನುತ್ತಾರೆ. ಹಸಿಯಾಗಿದ್ದರೆ ಅದು ಕೊಬ್ಬರಿ ಹೇಗಾದೀತು ಎಂಬುದು ಇಲ್ಲಿನವರ ನ್ಯಾಯವಾದ ಪ್ರಶ್ನೆ. ಆದರೆ ಹಳಗನ್ನಡದ ಪಕಾರ ಮುಂದೆ ಹಕಾರವಾದದ್ದನ್ನು ನೆನೆದರೆ, ಅವರ ಪಚ್ಚ-ಪಚ್ಚಿಗಳೂ ನಮ್ಮ ಹಸಿರು-ಹಸಿಗಳೂ ಒಂದೇ ಬೇರಿನವೆಂದು ತಿಳಿಯುತ್ತದೆ. ಆ ಬೇರಿಗೆ ಬಣ್ಣಕ್ಕಿಂತ ಎಳೆತನ, ಹಸಿತನಗಳ ಸಂಬಂಧವೇ ಹೆಚ್ಚು.

ಬ್ರೆಂಟ್ ಬರ್ಲಿನ್ ಮತ್ತು ಪಾಲ್ ಕೇ ಎಂಬ ವಿದ್ವಾಂಸರು 1969ರಲ್ಲಿ ಮೂಲವರ್ಣಪದಗಳ, ಅಂದರೆ ಬೇರೊಂದು ಬಣ್ಣದ ಬಗೆಯೆನಿಸದೆ ತಾನಾಗಿ ನಿಲ್ಲುವ ಬಣ್ಣದ ಹೆಸರುಗಳ, ಹುಟ್ಟಿಗೆ ಒಂದು ಕ್ರಮವನ್ನು ಸೂಚಿಸಿದರು: ಮೊದಲು ಕಪ್ಪು ಬಿಳುಪು, ಬಳಿಕ ಕೆಂಪು, ಅನಂತರ ಹಸಿರು ಅಥವಾ ಹಳದಿ, ಅವೆರಡೂ ಬಂದ ಮೇಲೆ ನೀಲಿ. ಈ ಸಾಲನ್ನು ಹಿಡಿದು ನೋಡಿದರೆ ಕನ್ನಡಕ್ಕೆ ಹಸಿರು ಸ್ವಂತದ್ದು. ಹಳದಿ ಸಂಸ್ಕೃತದ ಹರಿದ್ರಾ ಎಂಬುದರಿಂದಲೂ ನೀಲಿ ನೀಲ ಎಂಬುದರಿಂದಲೂ ಬಂದವು. ಹಸಿರು ಹಳದಿಗಳನ್ನು ಬೇರೆ ಮಾಡಿಟ್ಟುಕೊಂಡ ಅಚ್ಚುಕಟ್ಟು ಭಾಷೆ ತಮ್ಮದೆಂದು ಬೀಗರ ಮುಂದೆ ಬೀಗುವವರಿಗೆ ಇದು ನುಂಗಲಾರದ ತುತ್ತು. ಆದರೂ ಬೇರೆ ಮಾಡಿಟ್ಟದ್ದು ಅನುಕೂಲವೆಂಬುದನ್ನು ತೆಲುಗರೂ ಒಪ್ಪಬೇಕು.

ಬೇಸರದ ಸಂಗತಿ ಬೇರೆಯೇ ಇದೆ. ಈಗೀಗ ಗಡಿಯ ಎರಡೂ ಕಡೆಯ ಅಂಗಡಿಗಳಲ್ಲಿ ಈ ಜಗಳ 'ಯೆಲ್ಲೊ', 'ಗ್ರೀನ್' ಎಂಬಲ್ಲಿಗೆ ಮುಗಿದುಹೋಗುತ್ತಿದೆ. ಎರಡೂ ಭಾಷೆ ಬಲ್ಲ ಪಾವಗಡದವರಾದರೂ ಬೀಗರನ್ನು 'ಆಕುಪಚ್ಚವೋ, ಪಸುಪೋ' ಎಂದು ಕೇಳಿ, ಅಂಗಡಿಯವನಿಗೆ ಹಸಿರು ಇಲ್ಲವೇ ಹಳದಿ ಎಂದೇ ಹೇಳಲಿ.